ಕ್ಯಾಮೆರಾದ ಕಡೆಗೆ ನಾಟಿ

ಆಗ ನನಗೆ ಹದಿನೇಳು. ಎಪ್ಪತ್ತು ವರ್ಷದ ಮೇಲಾಯಿತು. ಕೊಡಗು ಆಗ ಬೇರೆ ರಾಜ್ಯ, ನಮ್ಮ ಶಿರಂಗಾಲ ಅದರ ಅಂಚು. ಅಪ್ಪ ತೀರಿಕೊಂಡಿದ್ದ. ಅವ್ವನಿಗೆ ಇದ್ದದ್ದು ಒಂದು ಗದ್ದೆ, ಒಬ್ಬ ತಮ್ಮ. ಗದ್ದೆ ಅನ್ನ ಕೊಡುತ್ತಿತ್ತು. ತಮ್ಮ ಸಿನಿಮಾ ಮಾಡಲು ಹೊರಟಿದ್ದ.

ಆ ನನ್ನ ಸೋದರಮಾವ ಮದರಾಸಿನ ಒಂದು ಸ್ಟುಡಿಯೋದಲ್ಲಿ ಎರಡು ವರ್ಷ ಸೆಟ್ಟಿನ ಬಣ್ಣದ ಹಲಗೆ ಹೊತ್ತವನು. ಬಂದವನೇ 'ಕೊಡಗು ರಾಜ್ಯದ ಮೊದಲ ನಿರ್ಮಾಪಕ ಮತ್ತು ನಿರ್ದೇಶಕ' ಎಂದು ಕಾರ್ಡು ಅಚ್ಚು ಹಾಕಿಸಿದ. ಆಗ ಓದು ಬಾರದ ನನಗೆ ಅದನ್ನು ನಾಲ್ಕು ಸಲ ಓದಿ ಹೇಳಿದ.

ನಾಟಿಯ ದಿನ ಕ್ಯಾಮೆರಾದವನನ್ನು ಜೀಪಿನಲ್ಲಿ ಕರೆತಂದ. ಊರೆಲ್ಲ ಮಳೆ ಬೇಡುತ್ತಿದ್ದರೆ ಇವನಿಗೆ ಬಿಸಿಲು ಬೇಕು. ಕಿತ್ತ ಸಸಿ ಬಾಡುತ್ತಿದ್ದರೂ ಅವ್ವನನ್ನು, ನನ್ನನ್ನು, ಪಕ್ಕದ ಮನೆಯ ದೊಡ್ಡವ್ವನನ್ನು ಮಧ್ಯಾಹ್ನದವರೆಗೆ ಬದುವಿನ ಮೇಲೆ ಕೂರಿಸಿದ. ಬಿಸಿಲು ಬಂದಾಗ ಗದ್ದೆಗಿಳಿದು ಬಗ್ಗಿದೆವು. ನಾಟಿ ಮಾಡುವವರು ಹಿಂದಕ್ಕೆ ಹೆಜ್ಜೆ ಇಡುತ್ತಾರೆ, ನೆಟ್ಟದ್ದು ಮುಂದೆ ಉಳಿಯುತ್ತದೆ. ಅಷ್ಟೂ ಅವನಿಗೆ ಮರೆತಿತ್ತು.

"ಹಿಂದಕ್ಕೆ ಹೋಗ್ಬ್ಯಾಡ್ರೇ! ಮುಖ ಸಣ್ಣದಾಯ್ತದೆ. ನೆಡ್ತಾ ನೆಡ್ತಾ ಕ್ಯಾಮೆರಾ ಕಡೀಗೆ ಬನ್ನಿ!"

"ನೆಟ್ಟಿದ್ದನ್ನ ತುಳ್ಕಂಡು ಬರದಾ ಮಾವ?"

"ಅದು ಪಿಚ್ಚರ್‌ನಲ್ಲಿ ಕಾಣಲ್ಲ ಕಣೆ."

"ಮುಖ ನೋಡ್ಬೇಕಿದ್ರೆ ಹೆಣ್ಣು ನೋಡಕ್ಕೆ ಹೋಗು ಕಣ್ಲಾ, ಗದ್ದೆಗ್ಯಾಕೆ ಬಂದೆ?" ಎಂದಳು ದೊಡ್ಡವ್ವ.

ಅವ್ವ ನಗಲಿಲ್ಲ. ಕೈಯಾರೆ ನೆಟ್ಟದ್ದನ್ನು ತನ್ನ ಕಾಲಲ್ಲೇ ತುಳಿಯುತ್ತ ತಮ್ಮನ ಕಡೆಗೆ ನಡೆದಳು. ನಾಲ್ಕು ಸಲ ಮಾಡಿಸಿದ. ಅರ್ಧ ಗದ್ದೆ ಎಮ್ಮೆ ಹೊರಳಿದ ಹಾಗಾಯಿತು. ಅಷ್ಟರಲ್ಲಿ ಮೋಡ ಕವಿಯಿತು.

"ಸರಿಯಾಗಿ ಬರ್ಲಿಲ್ಲ ಅಕ್ಕ. ಉಳಿದ ಸಸಿ ಕಟ್ಟು ಮಡಗಿರು, ನಾಳೆ ಇನ್ನೊಂದ್ಸಲ ತೆಗೀತೀನಿ."

ಸಸಿ ಮಡಿ ಬರಿದಾಗಿತ್ತು. ಆ ಕಟ್ಟು ಬಿಟ್ಟರೆ ನಮಗೆ ಬೇರೆ ಸಸಿಯಿಲ್ಲ. ಆದರೂ ಅವ್ವ ತಲೆಯಾಡಿಸಿದಳು.

"ವರ್ಷವೆಲ್ಲ ಏನ್ ತಿನ್ನದು ಅವ್ವ?"

"ಅವ್ನು ದೊಡ್ಡೋನಾದ್ರೆ ನಮಗೇನೇ ಕಮ್ಮಿ?"

ಅವನು ದೊಡ್ಡವನಾದದ್ದು ಇಷ್ಟು: ಚಿತ್ರ ಗೋಣಿಕೊಪ್ಪಲಿನ ಟೆಂಟಿನಲ್ಲಿ ಮೂರು ದಿನ ಓಡಿತು. ನಾಯಕಿ ಬಾಯಿ ಮುಚ್ಚಿದ ಮೇಲೆ ಅವಳ ಮಾತು ಕೇಳುತ್ತಿತ್ತು. ನಮ್ಮ ಗದ್ದೆ ಅದರಲ್ಲಿ ಇರಲೇ ಇಲ್ಲ. ಆಮೇಲೆ ಮೂರ್ನಾಡಿನ ಕಡೆ ಒಂದು ಎಸ್ಟೇಟಿನಲ್ಲಿ ರೈಟರಾಗಿ ಆಳುಗಳ ಹಾಜರಿ ಬರೆದ. ಕಾಫಿ ಕುಯ್ಯುವ ಹೆಂಗಸರಿಗೂ 'ಬೆಳಕಿನ ಕಡೆ ಮುಖ ಮಾಡಿ' ಅನ್ನುತ್ತಿದ್ದನಂತೆ. ಕಾರ್ಡು ಮಾತ್ರ ಸಾಯುವವರೆಗೂ ಹಂಚಿದ.

ಗದ್ದೆ ತುಳಿಸಿದ ಮರುದಿನ ಬೆಳಿಗ್ಗೆ ನಾನು ಅವ್ವನನ್ನು ಕೇಳಲು ಹೋಗಲಿಲ್ಲ. ಬೆಳಕು ಹರಿಯುತ್ತಲೇ ದೊಡ್ಡವ್ವನನ್ನು ಎಬ್ಬಿಸಿಕೊಂಡು, ಉಳಿದ ಕಟ್ಟುಗಳನ್ನೆಲ್ಲ ಹೊತ್ತು ಗದ್ದೆಗಿಳಿದೆ. ತುಳಿದದ್ದರಲ್ಲಿ ಬೇರು ಉಳಿದದ್ದನ್ನು ಆರಿಸಿ, ತೊಳೆದು, ಅದನ್ನೂ ನೆಟ್ಟೆ. ನಿರ್ದೇಶಕರು ತಲೆ ಬಾಚಿ, ಕ್ಯಾಮೆರಾ ಹೊರಿಸಿಕೊಂಡು ಬರುವ ಹೊತ್ತಿಗೆ ನನ್ನ ಹಿಮ್ಮಡಿ ಆಚೆ ಬದುವಿಗೆ ತಾಗಿತ್ತು.