ಡೆಂಟಣ್ಣನ ಬಾಕ್ಸಿಂಗ್

ನಮ್ಮ ಯಜಮಾನರನ್ನು ಗ್ಯಾರೇಜಿನವರೆಲ್ಲ ಡೆಂಟಣ್ಣ ಎನ್ನುತ್ತಾರೆ. ಗುದ್ದಿಸಿಕೊಂಡು ಬಂದ ಕಾರಿನ ತಗಡನ್ನು ಒಳಗಿನಿಂದ ಸುತ್ತಿಗೆಯಲ್ಲಿ ತಟ್ಟಿ ತಟ್ಟಿ ನೆಟ್ಟಗೆ ಮಾಡುವುದು ಅವರ ಕಸುಬು. ಅಂಥವರ ಬಲಭುಜ ಹಿಡಿದುಕೊಂಡಿತು. ಕೈ ಎದೆಗಿಂತ ಮೇಲೇಳದು. ಬೀಸಿ ಬೀಸಿ ಆಡಿಸದಿದ್ದರೆ ಸುತ್ತಿಗೆ ಮರೆತುಬಿಡಿ ಎಂದರು ಡಾಕ್ಟರು. ಇವರೋ, "ನೋಯುತ್ತೆ ಕಣೇ" ಎಂದು ಸೋಫಾ ಹಿಡಿದರು. ಹಗಲೆಲ್ಲ ಆ ಮುಖ ನೋಡಿ ನನಗೂ ತಲೆ ಕೆಟ್ಟಿತು.

ಟಿವಿ ರಿಪೇರಿ ಮಾಡುವ ನನ್ನ ತಮ್ಮ ಒಂದು ಆಟ ತಂದ. ಯಾವುದೋ ಸಿನಿಮಾದ ಹೆಸರಲ್ಲಿ ಬಂದ ರೋಬೋಟ್ ಬಾಕ್ಸಿಂಗ್. ಆ ಸಿನಿಮಾ ನೋಡಿದವರೂ ಇದನ್ನು ಮೂಸಿ ನೋಡಿರಲಿಲ್ಲವಂತೆ. ಟಿವಿ ಮುಂದೆ ನಿಂತು ನಾವಿಬ್ಬರು ಕೈ ಬೀಸಿದರೆ ಒಳಗಿನ ನಮ್ಮ ನಮ್ಮ ರೋಬೋಟೂ ಬೀಸುತ್ತದೆ. "ಭಾವನಿಗೆ ಇದೇ ಮದ್ದು" ಎಂದು ಹೇಳಿ ಹೋದ.

ಮದ್ದೇನೋ ಸರಿ, ಕುಡಿಯಬೇಕಲ್ಲ! ಇವರು ಹೊಡೆಯಲೇ ಒಲ್ಲರು. ನಾನು ತೋಳೇರಿಸಿ, ಇವರ ರೋಬೋಟನ್ನು ಹಣ್ಣುಗಾಯಿ ನೀರುಗಾಯಿ ಮಾಡಿದೆ.

"ಹೊಡೀರಿ ಅಂದ್ರೆ!"

"ಅಲ್ವೇ, ಅಷ್ಟು ಚೆಂದದ ತಗಡು! ಗುದ್ದೋಕೆ ಮನಸ್ಸು ಹೇಗೆ ಬರುತ್ತೆ? ಆಮೇಲೆ ಡೆಂಟ್ ತೆಗೆಯೋನು ಯಾರು?"

"ನಿಮ್ಮಪ್ಪ" ಎನ್ನಬೇಕೆನಿಸಿತು. ಮಾವನವರು ಪಕ್ಕದ ಕೋಣೆಯಲ್ಲೇ ಇದ್ದರು, ನುಂಗಿಕೊಂಡೆ.

ವಾರ ಕಳೆದರೂ ಕೈ ಇದ್ದಲ್ಲೇ ಇತ್ತು. ಗ್ಯಾರೇಜಿನವರು ಬೇರೆಯವರನ್ನು ಹುಡುಕುತ್ತಿದ್ದಾರೆಂಬ ಸುದ್ದಿ ಬಂತು. ಇವರು ಗೋಡೆ ಕಡೆ ತಿರುಗಿ ಮಲಗಿದರು. ನನಗೆ ನಿಜಕ್ಕೂ ಹೆದರಿಕೆಯಾಯಿತು.

ಮರುದಿನ ಬೆಳಿಗ್ಗೆ ಆಟ ಹಾಕಿ, ನನ್ನ ರೋಬೋಟನ್ನೇ ದಿಟ್ಟಿಸಿ, "ಅಯ್ಯೋ, ಇದರ ಎದೆ ನೋಡಿ! ತಟ್ಟೋಕೆ ಸೋಮಾರಿತನ, ಯಾರೋ ಡೆಂಟಿನ ಗುಂಡಿ ಮುಚ್ಚೋಕೆ ಪುಟ್ಟಿ ಪೇಸ್ಟ್ ಮೆತ್ತಿ ಬಣ್ಣ ಹೊಡೆದುಬಿಟ್ಟಿದಾರೆ" ಎಂದೆ.

"ಪುಟ್ಟಿನಾ?" ಇವರು ಎದ್ದು ನಿಂತರು. "ಎಂಥ ನಾಚಿಕೆಗೆಟ್ಟವನೇ ಅವನು! ಕಿತ್ತು ಹಾಕ್ಬೇಕು ಅದನ್ನ, ಪೂರ್ತಿ ಕಿತ್ತು ಹಾಕ್ಬೇಕು!"

ಶುರುವಾಯಿತು ನೋಡಿ! ಎಡಗೈ, ಬಲಗೈ, "ಪುಟ್ಟಿ ಮೆತ್ತೀಯಾ? ಮೆತ್ತೀಯಾ?" ಗಲಾಟೆಗೆ ಮಾವನವರು ಓಡಿ ಬಂದರು. ನನ್ನ ರೋಬೋಟ್ ಅಂಗಾತ ಬಿತ್ತು. ಇವರ ಬಲಗೈ ತಲೆಗಿಂತ ಮೇಲಿತ್ತು.

"ರೀ, ಕೈ ನೋಡ್ಕೊಳ್ಳಿ" ಎಂದೆ.

ನೋಡಿಕೊಂಡರು. ಕೈ ಎತ್ತಿಕೊಂಡೇ ನಿಂತರು. "ಇಳಿಸಿದ್ರೆ ಮತ್ತೆ ಏಳುತ್ತಾ ಇದು?"

"ಇಳಿಸಿ ನೋಡಿ. ನಾನಿದೀನಲ್ಲ."

ಇಳಿಸಿದರು. ಎತ್ತಿದರು. ನಾನು ಗೊಳೋ ಎಂದು ಅತ್ತುಬಿಟ್ಟೆ.

"ಅಳೋದು ಆಮೇಲೆ" ಎಂದರು. "ನನ್ನ ಸುತ್ತಿಗೆ ಎಲ್ಲಿಟ್ಟಿದೀಯೇ?"