ಮೊಸರು ತರಬಾರದ ಮೊಸರಿನ ಕಾರ್ಖಾನೆ

ಲಕಮನಹಳ್ಳಿಯ ನಮ್ಮ ಮೊಸರಿನ ಕಾರ್ಖಾನೆಗೆ ಊಟದ ಡಬ್ಬಿಯಲ್ಲಿ ಮೊಸರು ತರುವ ಹಾಗಿಲ್ಲ. ಈ ಕಾನೂನು ಮಾಡಿದವರು ಜಯಮಾಲಾ ಮೇಡಂ. ಸುಳ್ಳ ಎಂಬ ಊರಿನ ಮಗಳು, ಕೆಮಿಕಲ್ ಇಂಜಿನಿಯರಿಂಗ್ ಓದಿದವರು, ಹೆಪ್ಪು ತಯಾರಿಸುವ ಕೋಣೆಯ ಒಡತಿ. ನಾನು ಏಳನೆಯ ಇಯತ್ತೆಗೇ ಶಾಲೆ ಬಿಟ್ಟು ಬಾಯ್ಲರ್ ಕಾಯುವವನು. ಕಾನೂನು ಬಂದ ಮೊದಲ ದಿನವೇ ಅವರ ಜೊತೆ ಜಗಳ ತೆಗೆದಿದ್ದೆ.

“ಕಾಕಾ, ಮನಿ ಮೊಸರಿನ್ಯಾಗ ಕಣ್ಣಿಗೆ ಕಾಣದ ವೈರಸ್ ಇರ್ತಾವ್ರಿ. ನಮಗೇನೂ ಮಾಡೂದಿಲ್ಲ. ನಮ್ಮ ಹೆಪ್ಪಿನ ಬ್ಯಾಕ್ಟೀರಿಯಾಕ್ಕ ಮಾತ್ರ ಯಮ. ಒಳಗ ಹೊಕ್ಕರ ಹಾಲು ಹಾಲಾಗೇ ಉಳೀತದ.”

“ನಮ್ಮವ್ವ ಐವತ್ತು ವರ್ಷ ಅದ ಮೊಸರಿಲೆ ಹೆಪ್ಪು ಹಾಕ್ಯಾಳ್ರಿ!”

“ಅಕೀದು ಒಂದು ಗಡಿಗಿ. ನಂದು ಎರಡು ಸಾವಿರ ಲೀಟರ್.”

ದಿನಾ ಬಾಗಿಲಲ್ಲಿ ನಿಂತು ನಮ್ಮ ಡಬ್ಬಿ ಮೂಸುತ್ತಿದ್ದರು. ಕೇಶ್ವಾಪುರದ ಮದುವೆಯೊಂದರಲ್ಲಿ ಮಜ್ಜಿಗೆ ಬಡಿಸುವವನನ್ನು, ಎಷ್ಟು ಡಿಗ್ರಿಗೆ ಹೆಪ್ಪು ಹಾಕಿದಿರಿ ಎಂದು ಕೇಳಿದ್ದರಂತೆ. ಪಾಪ, ಅವನು ಅರ್ಧ ಪಂಕ್ತಿ ಬಿಟ್ಟು ಓಡಿದ.

ಹೋದ ಶ್ರಾವಣದಲ್ಲಿ ಒಂದು ದಿನ ಹೆಪ್ಪು ಹಾಕಿ ಎಂಟು ತಾಸಾದರೂ ಟ್ಯಾಂಕಿನ ಹಾಲು ನೀರಿನಂತೆ ತುಳುಕುತ್ತಿತ್ತು. ಮಾಲಕರಾದ ಮಹಾಂತಯ್ಯನವರು ನೆಟ್ಟಗೆ ನನ್ನ ಹತ್ತಿರವೇ ಬಂದರು.

“ನೀನ ಮೊಸರು ತಂದೀದಿ. ನಾಳಿಂದ ಬರಬ್ಯಾಡ.”

ಸಿಟ್ಟು ನೆತ್ತಿಗೇರಿತು. ಡಬ್ಬಿ ಬಿಚ್ಚಿ ಅವರ ಮುಂದೆ ಕುಕ್ಕಿದೆ. “ಬದನಿಕಾಯಿ, ಶೇಂಗಾ ಚಟ್ನಿ! ಮೊಸರೆಲ್ಲೈತಿ ತೋರಸ್ರಿ!”

“ನಿನ್ನಿ ಡಬ್ಬಿ ಯಾರು ನೋಡ್ಯಾರ?”

ನಿನ್ನೆ ಮೇಡಂ ಗೇಟಿನ ಕಡೆ ಹೋಗಿದ್ದರಿಂದ ಯಾರ ಡಬ್ಬಿಯನ್ನೂ ಮೂಸಿರಲಿಲ್ಲ. ಹದಿನಾರು ವರ್ಷದ ಕೆಲಸ ಅಲ್ಲಿಗೆ ಮುಗಿಯಿತು ಅಂದುಕೊಂಡೆ. ಅಷ್ಟರಲ್ಲಿ ಮೇಡಂ ಮಾಸ್ಕ್ ತೆಗೆದು ಹೊರಗೆ ಬಂದರು.

“ಕಾಕಾ ಅಲ್ರಿ ಸರ್. ನಾನು.”

ಅವರ ತಾಯಿ ಉಡಚವ್ವ ಹಿಂದಿನ ದಿನ ಊರಿಂದ ಬಂದು, ಕಾರ್ಖಾನೆಯ ಗೇಟಿನಲ್ಲೇ ಮೊಸರನ್ನದ ಡಬ್ಬಿ ಕೊಟ್ಟಿದ್ದಳಂತೆ. ಬೇಡ ಎಂದರೆ ಅವ್ವ ಮುಖ ಸಣ್ಣ ಮಾಡಿಕೊಳ್ಳುತ್ತಾಳೆಂದು ಇವರು ಅಲ್ಲೇ ನಿಂತು ನಾಲ್ಕು ತುತ್ತು ತಿಂದು, ಕೈ ತೊಳೆದು ಹೆಪ್ಪಿನ ಕೋಣೆಗೆ ಹೋಗಿದ್ದರು. ಮೈಮೇಲಿನ ಏಪ್ರನ್ ಮಾತ್ರ ಬದಲಿಸಿರಲಿಲ್ಲ; ವೈರಸ್ ಅದರ ಜೊತೆಗೇ ಒಳಗೆ ಹೋಗಿತ್ತು.

“ಕಾಕಾನ್ನ ಬಿಡಸಬ್ಯಾಡ್ರಿ. ಬಿಡಸೂದಾದ್ರ ನನ್ನ ಬಿಡಸ್ರಿ.”

ಮಹಾಂತಯ್ಯನವರು ಖಾಲಿ ಕ್ರೇಟಿನ ಮೇಲೆ ಕುಳಿತುಬಿಟ್ಟರು. ಮೇಡಂ ಹೋದರೆ ಹೆಪ್ಪು ಹಾಕುವವರಾರು? ನನ್ನ ಕಡೆ ನೋಡದೆಯೇ, “ನಾಳಿ ಲಗೂ ಬಾ” ಅಂದರು. ಅದೇ ಅವರ ಕ್ಷಮೆ.

ಹಾಲೆಲ್ಲ ಚೆಲ್ಲಿ, ಮೇಡಂ ನಮ್ಮ ಜೊತೆ ತಾವೂ ಟ್ಯಾಂಕ್ ತಿಕ್ಕಲು ನಿಂತರು.

“ಕಾಕಾ, ಉಗಿ ಬಿಡ್ರಿ. ಉಳಿದ ವೈರಸ್ ಸಾಯ್ಲಿ.”

ನಾನು ವಾಲ್ವಿನ ಮೇಲೆ ಕೈಯಿಟ್ಟೆ, ತಿರುವಲಿಲ್ಲ. “ಮೊದ್ಲ ಖರೇ ಹೇಳ್ರಿ, ಮೊಸರನ್ನ ಹೆಂಗಿತ್ತು?”

ಅವರು ಮಾಲಕರ ಕೋಣೆಯತ್ತ ಒಮ್ಮೆ ನೋಡಿದರು. “ಭಾಳ ಛಲೋ ಇತ್ರಿ.”

ಉಗಿ ಬಿಟ್ಟೆ.