ಜೌಗಿಗೆ ಇಳಿದ ಕ್ಯಾಪ್ಟನ್

ಊರವರು ಅವನನ್ನು ಕ್ಯಾಪ್ಟನ್ ಎನ್ನುತ್ತಿದ್ದರು. ಓಡಿಸುತ್ತಿದ್ದದ್ದು ಹಡಗೇನಲ್ಲ, ಈ ದಡದಿಂದ ಆ ದಡಕ್ಕೆ ಜನ, ಸೈಕಲ್ಲು, ಕೋಳಿಬುಟ್ಟಿ ಸಾಗಿಸುವ ಲಾಂಚು. ತಮಾಷೆಗೆ ಇಟ್ಟ ಹೆಸರನ್ನು ಪುಣ್ಯಾತ್ಮ ಗಂಭೀರವಾಗಿಯೇ ತೆಗೆದುಕೊಂಡಿದ್ದ. ನದಿ ಸಮುದ್ರ ಸೇರುವ ಜಾಗ ಅದು. ಎದುರು ದಡ ಕಂಡರೆ ಕಂಡಿತು, ಇಲ್ಲದಿದ್ದರೆ ಇಲ್ಲ. ನೀರಿನ ಮೇಲಿನ ಸುಕ್ಕು ನೋಡಿಯೇ ಅಡಿಯಲ್ಲಿ ಮರಳದಿಬ್ಬ ಎಲ್ಲಿದೆ ಎಂದು ಹೇಳುತ್ತಿದ್ದ. ಹೇಳಿದ್ದು ತಪ್ಪಿದರೆ ತಪ್ಪು ದಿಬ್ಬದ್ದು. ಕೋಪವಂತೂ ಮೂಗಿನ ತುದಿಯಲ್ಲೇ ಇರುತ್ತಿತ್ತು.

ಒಬ್ಬಳೇ ಮಗಳು. ಇಂಜಿನ್ನಿನ ಸದ್ದಿನಲ್ಲೇ ಬೆಳೆದಳು, ಲೈಸೆನ್ಸನ್ನೂ ಪಡೆದಳು. ಮೊದಲ ಸಲ ಲಾಂಚು ನಡೆಸಿದ ದಿನವೇ, ನಡುನೀರಿನಲ್ಲಿ, ಅಷ್ಟು ಜನರ ಎದುರಿಗೆ ಅಪ್ಪ ಅವಳ ಕೈಯಿಂದ ಚುಕ್ಕಾಣಿ ಕಿತ್ತುಕೊಂಡ. "ಬಿಡು, ನಿನ್ ಕೈಲಾಗಲ್ಲ" ಎಂದ. ಅವಳು ಹಿಡಿದ ದಾರಿ ಸರಿಯಾಗಿಯೇ ಇತ್ತು. ದಡ ಸೇರುವಷ್ಟರಲ್ಲಿ ಅವನಿಗೂ ಅದು ಗೊತ್ತಾಯಿತು. ಹೇಳಲು ಬಾಯಿ ಬರಲಿಲ್ಲ. ಅವಳು ಮನೆ ಬಿಟ್ಟಳು. ಯಾವ ಲಾಂಚೂ ಬರದ ಜಾಗ ಬೇಕೆಂದು, ನದಿ ಹುಟ್ಟುವ ಬೆಟ್ಟದ ಜೌಗಿಗೇ ಹೋಗಿ ಅರಣ್ಯ ಇಲಾಖೆಯ ಕಾವಲುಗಾರ್ತಿಯಾಗಿ ಸೇರಿಕೊಂಡಳು. ಅಮ್ಮನ ಜೊತೆ ಫೋನಿನಲ್ಲಿ ಮಾತಾಡುತ್ತಿದ್ದಳು, ಅಪ್ಪನ ಜೊತೆ ಇಲ್ಲ.

ಕ್ಯಾಪ್ಟನ್ ನಿವೃತ್ತನಾದ ಮೇಲೆ ಹೆಂಡತಿ ಅವನ ಚೀಲ ತುಂಬಿಸಿ ಹೊಸ್ತಿಲಾಚೆ ಇಟ್ಟಳು. "ತಪ್ಪಾಯ್ತು ಅಂತ ಅವಳ ಹತ್ರ ಹೇಳಿ ಬನ್ನಿ. ಹೇಳ್ದೆ ಬಂದ್ರೆ ನಾನು ಬಾಗಿಲು ತೆಗೆಯಲ್ಲ."

"ನಾನು ಹೋಗ್ತಿರೋದು ನದಿ ನೋಡೋಕೆ" ಎಂದು ಗೊಣಗುತ್ತಲೇ ಹೊರಟ.

ನದಿ ಬಸ್ಸಿನ ಜೊತೆಗೇ ಬಂತು. ಕಾರ್ಖಾನೆಗಳ ಊರಿನಲ್ಲಿ ಬೂದುಬಣ್ಣಕ್ಕೆ ತಿರುಗಿತ್ತು, ಅಣೆಕಟ್ಟಿನ ಹಿಂದೆ ಅಲುಗದೆ ನಿಂತಿತ್ತು, ಕಣಿವೆಯಲ್ಲಿ ಬಂಡೆಗಳ ಜೊತೆ ಜಗಳಕ್ಕೆ ಬಿದ್ದಿತ್ತು. ಮೇಲೇರಿದಷ್ಟೂ ಸಣ್ಣದಾಗುತ್ತಾ ಕೊನೆಗೆ ಒಂದೇ ಜಿಗಿತಕ್ಕೆ ದಾಟುವಷ್ಟಾಯಿತು. ಅವನು ಬಾಯಿಪಾಠ ಮಾಡಿಕೊಂಡ ಮಾತು ತಿರುವು ತಿರುವಿಗೆ ಮರೆತುಹೋಗುತ್ತಿತ್ತು.

ಅಮ್ಮ ಫೋನಿನಲ್ಲಿ ಹೇಳಿದ್ದಳು, ಮಗಳು ಕೊನೆಯ ನಿಲ್ದಾಣದಲ್ಲಿ ಕಾಯುತ್ತಿದ್ದಳು. ಕಾಲಿಗೆ ಗಮ್‌ಬೂಟು, ಕೈಯಲ್ಲಿ ಉದ್ದನೆಯ ಕೋಲು. "ಬಂದ್ಯಾ" ಎಂದಳು, ಅಷ್ಟೇ. ಇಬ್ಬರೂ ಹುಲ್ಲು ಬೆಳೆದ ಬಯಲಿಗೆ ಬಂದರು. ಹುಲ್ಲಿನ ನಡುವೆ ಅಲ್ಲಲ್ಲಿ ಪಾದ ನೆನೆಯುವಷ್ಟು ನೀರು.

"ಇದೇ ಅಪ್ಪ, ನದಿ ಹುಟ್ಟೋ ಜಾಗ. ನಾನು ಕಾಲಿಟ್ಟ ಕಡೇನೇ ಕಾಲಿಡು."

"ನೀರಲ್ಲಿ ನೀನು ನಂಗೆ ದಾರಿ ತೋರಿಸ್ತೀಯಾ?"

ಸುಕ್ಕು ನೋಡಿದ, ಆಳವಿಲ್ಲ ಎಂದುಕೊಂಡ, ಬೇಕೆಂದೇ ಪಕ್ಕಕ್ಕೆ ಹೆಜ್ಜೆ ಇಟ್ಟ. ನೀರಿಗೆ ಆಳವಿರಲಿಲ್ಲ ನಿಜ, ಕೆಳಗಿನ ಕೆಸರಿಗಿತ್ತು. ಸೊಂಟದವರೆಗೆ ಹೂತುಹೋದ. ಒದ್ದಾಡಿ ಇನ್ನಷ್ಟು ಇಳಿದ.

ಮಗಳು ಹುಲ್ಲಿನ ಮೇಲೆ ಬೋರಲು ಮಲಗಿ ಕೋಲು ಚಾಚಿದಳು. "ಕಾಲು ಆಡಿಸ್ಬೇಡ. ಹಿಂದಕ್ಕೆ ಒರಗು."

"ಒರಗಿದ್ರೆ ಮುಳುಗೋಗ್ತೀನಿ ಕಣೇ!"

"ಒರಗು ಅಂದ್ರೆ ಒರಗು!"

ನೀರಿನ ವಿಷಯದಲ್ಲಿ ಜನ್ಮದಲ್ಲಿ ಯಾರ ಮಾತೂ ಕೇಳದವನು, ಕಣ್ಣು ಮುಚ್ಚಿ ಅಂಗಾತ ಒರಗಿದ. ಕೆಸರು ಅವನನ್ನು ಹಾಸಿಗೆಯಂತೆ ಹೊತ್ತುಕೊಂಡಿತು. "ಈಗ ಎಡಗಾಲು. ನಿಧಾನ. ಈಗ ಈ ಕಡೆ ಉರುಳು." ಅವಳು ಹೇಳಿದಳು, ಅವನು ಮಾಡಿದ. ಗಟ್ಟಿನೆಲ ಸಿಕ್ಕಾಗ ಇಬ್ಬರೂ ಗುರುತು ಸಿಗದಷ್ಟು ಕೆಸರಾಗಿದ್ದರು.

"ಒಂದು ಬೂಟು ಹೋಯ್ತು" ಎಂದ.

"ಹೋಗ್ಲಿ ಬಿಡು. ತೇಲ್ಕೊಂಡು ಅಮ್ಮನ ಹತ್ರ ಹೋಗುತ್ತೆ."

ಅವನು ನಕ್ಕ. ನಗು ಅರ್ಧಕ್ಕೇ ನಿಂತಿತು. "ಅವತ್ತು ನೀನು ಹೋಗ್ತಿದ್ದ ದಾರಿ ಸರಿಯಾಗೇ ಇತ್ತು. ತಪ್ಪು ನಂದು."

ಮಗಳು ತೋಳಿನ ಕೆಸರು ಒರೆಸಿಕೊಂಡಳು. "ದಾರಿ ಸರಿ ಇತ್ತು ಅಂತ ನಂಗೆ ಅವತ್ತೇ ಗೊತ್ತಿತ್ತು ಅಪ್ಪ. ನಿಂಗೆ ಗೊತ್ತಿಲ್ಲ ಅಂದ್ಕೊಂಡಿದ್ದೆ." ಅವಳ ಕಣ್ಣು ತುಂಬಿತ್ತು.

ಅವಳು ಎದ್ದು ಕೋಲು ಹಿಡಿದು ಮುಂದೆ ಹೊರಟಳು. ಸ್ವಲ್ಪ ದೂರ ಹೋಗಿ ತಿರುಗಿ ನೋಡಿದರೆ, ಅಪ್ಪ ನಿಂತಲ್ಲೇ ನಿಂತಿದ್ದ, ಒಂದು ಬರಿಗಾಲನ್ನು ಎತ್ತಿಕೊಂಡು.

"ಯಾಕಪ್ಪ?"

"ನೀನು ಹೇಳು ಮಗಳೇ" ಎಂದ ಕ್ಯಾಪ್ಟನ್. "ಕಾಲು ಎಲ್ಲಿಡ್ಲಿ?"